ಕೈಮುಗಿದ ಮನೆಗಳು

ಜಪಾನು ದೇಶವೆಂದೊಡನೆ ನಮ್ಮವರ ಕಣ್ಣೆದುರಿಗೆ ಟೋಕಿಯೋ ನಗರದ ಗಗನಚುಂಬಿ ಸೌಧಗಳೂ ಬಾಣದಂತೆ ಧಾವಿಸುವ ರೈಲುಗಾಡಿಗಳೂ ಬಂದು ನಿಲ್ಲುವುದು ಸಹಜವೇ ಸರಿ. ಆದರೆ ಆ ರಾಷ್ಟ್ರದ ಹಿರಿಯ ದ್ವೀಪವಾದ ಹೊನ್ಶೂವಿನ ನಡುವೆ, ಬೆನ್ನೆಲುಬಿನಂತೆ ಎದ್ದುನಿಂತ ಪರ್ವತಸ್ತೋಮದ ಮಧ್ಯದಲ್ಲಿ, ಹಿದಾ ಎಂಬ ಪುರಾತನ ಪ್ರಾಂತವೊಂದುಂಟು. ಈಗ ಅದು ಗಿಫು ಎಂಬ ಆಡಳಿತ ವಿಭಾಗಕ್ಕೆ ಸೇರಿದೆ. ಅಲ್ಲಿ ಬಯಲು ಕಡಮೆ, ಕಾಡು ಬಹಳ. ಚಳಿಗಾಲದಲ್ಲಿ ಆಳುದ್ದಕ್ಕೂ ಮೀರಿ ಹಿಮ ಬೀಳುವುದು. ಈ ನಾಡಿನಲ್ಲಿ ಮೂರು ನಾಲ್ಕು ಶತಮಾನಗಳ ಹಿಂದಿನ ಪಟ್ಟಣದ ಬೀದಿಗಳೂ, ಹುಲ್ಲುಮಾಡಿನ ಹೆಬ್ಬನೆಗಳುಳ್ಳ ಹಳ್ಳಿಗಳೂ ಇಂದಿಗೂ ಜನರ ವಾಸಸ್ಥಾನಗಳಾಗಿಯೇ ನಿಂತಿವೆ.

ಶರದೃತುವಿನ ಒಂದು ದಿನ, ಮಿತ್ರರೊಬ್ಬರೊಡನೆ ಬಾಡಿಗೆಯ ಮೋಟಾರಿನಲ್ಲಿ, ಸೂರ್ಯೋದಯಕ್ಕೆ ಹೊರಟು ಕತ್ತಲಾಗುವುದರೊಳಗೆ ಹಿಂದಿರುಗುವಂತೆ, ಈ ನಾಡನ್ನು ಸುತ್ತಿಬರುವ ಅವಕಾಶವು ನಮಗೆ ಒದಗಿತು. ತಕಯಾಮ ಪಟ್ಟಣದಿಂದ ಹೊರಟು, ಶೋಗಾವಾ ನದಿಯ ಕಣಿವೆಯನ್ನು ಮೇಲ್ಭಾಗದಲ್ಲಿ ಸೇರಿ, ನೀರು ಹರಿದಂತೆ ಉತ್ತರಾಭಿಮುಖವಾಗಿ ಇಳಿಯುತ್ತ ಶಿರಕಾವಗೋ ಮತ್ತು ಗೊಕಯಾಮ ಸೀಮೆಗಳ ಹಳ್ಳಿಗಳನ್ನು ನೋಡುವುದು ನಮ್ಮ ಉದ್ದೇಶವಾಗಿದ್ದಿತು. ಕಂಡುದನ್ನೆಲ್ಲ ವರ್ಣಿಸುವುದು ಈ ಲೇಖನದ ಗುರಿಯಲ್ಲ. ಚೆಲುವೆಂದು ಲೋಕವೆಲ್ಲ ಕೊಂಡಾಡುವ ಈ ಮನೆಗಳು ಯಾವ ಅಗತ್ಯದಿಂದ ಹುಟ್ಟಿದವು, ಅಗತ್ಯವು ತೀರಿದ ಬಳಿಕ ಹೇಗೆ ಉಳಿದವು, ಉಳಿಸಿದವರು ಏನನ್ನು ತೆತ್ತರು ಎಂಬ ಮೂರು ಪ್ರಶ್ನೆಗಳು ದಿನವಿಡೀ ನಮ್ಮೊಡನೆ ಪ್ರಯಾಣ ಮಾಡಿದವು. ಅವುಗಳಿಗೆ ಆ ನಾಡಿನ ಚರಿತ್ರೆಯು ಕೊಡುವ ಉತ್ತರವನ್ನು ವಾಚಕರ ಮುಂದಿಡುವುದಷ್ಟೇ ನಮ್ಮ ಪ್ರಯತ್ನ.

ತಕಯಾಮದ ಸನ್‌ಮಾಚಿ ಎಂಬ ಭಾಗದಲ್ಲಿ ಮುಂಜಾನೆ ನಡೆದಾಡಿದವರಿಗೆ ಮೊದಲು ತೋರುವುದು ಮರದ ಕೆಲಸ. ಹೊಗೆಯಿಂದಲೂ ವಯಸ್ಸಿನಿಂದಲೂ ಕಪ್ಪಾದ ತೊಲೆಗಳು, ಸಣ್ಣ ಸಣ್ಣ ಪಟ್ಟಿಗಳಿಂದ ಹೆಣೆದ ಜಾಲಂದ್ರಗಳು, ತಗ್ಗಾದ ಸೂರುಗಳು, ಮನೆಗಳ ಮುಂದೆ ಹರಿಯುವ ಕಿರುಗಾಲುವೆಗಳು, ಅಕ್ಕಿಯ ಮದ್ಯವನ್ನು ತಯಾರಿಸುವ ಅಂಗಡಿಗಳ ಬಾಗಿಲಲ್ಲಿ ತೂಗುವ ದೇವದಾರುವಿನ ಎಲೆಗಳ ಚೆಂಡುಗಳು, ಇವೆಲ್ಲವೂ ಒಂದೇ ಕೈಯ ರಚನೆಯೋ ಎಂಬಂತೆ ಹೊಂದಿಕೊಂಡಿವೆ. ಈ ಕೈಚಳಕವು ಬಂದ ಬಗೆ ಮಾತ್ರ ಚಿಂತನೀಯವಾದುದು. ಎಂಟನೆಯ ಶತಮಾನದಲ್ಲಿ ಜಪಾನಿನ ರಾಜಾಸ್ಥಾನವು ಚೀನಾ ದೇಶದ ಮಾದರಿಯಲ್ಲಿ ಶಾಸನಸಂಹಿತೆಗಳನ್ನು ರಚಿಸಿಕೊಂಡಿತು. 718ರ ಯೋರೋ ಸಂಹಿತೆಯಲ್ಲಿ ಹಿದಾ ಪ್ರಾಂತಕ್ಕೆಂದೇ ಪ್ರತ್ಯೇಕವಾದ ಒಂದು ವಿಧಿಯುಂಟು. ಇತರ ಪ್ರಾಂತಗಳ ಪ್ರಜೆಗಳು ಬಟ್ಟೆ ಮೊದಲಾದ ವಸ್ತುಗಳನ್ನು ಕಂದಾಯವಾಗಿ ತೆರಬೇಕಾಗಿದ್ದಿತು. ಹಿದಾದವರಿಗೆ ಅದರಿಂದ ವಿನಾಯಿತಿ. ಬದಲಾಗಿ ಐವತ್ತು ಮನೆಗಳ ಪ್ರತಿಯೊಂದು ಗ್ರಾಮವೂ ಹತ್ತು ಮಂದಿ ಬಡಗಿಗಳನ್ನು ಸರದಿಯ ಮೇಲೆ ರಾಜಧಾನಿಗೆ ಕಳುಹಿಸತಕ್ಕದ್ದು. ಬೇರೆ ನಾಡುಗಳು ತಮ್ಮ ಬೆಳೆಯನ್ನು ಕೊಟ್ಟರೆ ಈ ನಾಡು ತನ್ನ ಮಕ್ಕಳ ಕೈಗಳನ್ನು ಕೊಟ್ಟಿತು. ರಾಜಧಾನಿಯ ಅರಮನೆಗಳನ್ನೂ ದೇವಾಲಯಗಳನ್ನೂ ಕಟ್ಟಿ, ಬದುಕಿ ಹಿಂದಿರುಗಿದವರು ಆ ವಿದ್ಯೆಯನ್ನು ತಮ್ಮ ಕಣಿವೆಗಳಿಗೆ ತಂದರು. ಹಿದಾದ ಬಡಗಿಯೆಂಬ ಹೆಸರು ಜಪಾನೀ ಸಾಹಿತ್ಯದಲ್ಲಿ ಗಾದೆಯಂತೆ ಬಳಕೆಗೆ ಬಂದುದು ಹೀಗೆ.

ಪಟ್ಟಣವಾಗಿ ತಕಯಾಮವು ಬೆಳೆದುದು ಕನಮೋರಿ ವಂಶದ ಪ್ರಭುಗಳ ಕಾಲದಲ್ಲಿ. ಟೊಯೊಟೊಮಿ ಹಿದೆಯೋಷಿಯ ಆಜ್ಞೆಯಂತೆ ಕನಮೋರಿ ನಗಚಿಕನು 1585ರಲ್ಲಿ ಹಿದಾವನ್ನು ಜಯಿಸಿ, 1588ರಲ್ಲಿ ಬೆಟ್ಟದ ಮೇಲೆ ಕೋಟೆಯನ್ನು ಕಟ್ಟಲಾರಂಭಿಸಿ, ಅದರ ಬುಡದಲ್ಲಿ ವರ್ತಕರ ಬೀದಿಗಳನ್ನು ನೆಟ್ಟಗೆ ಬಿಡಿಸಿದನು. ಆರು ತಲೆಮಾರುಗಳ ಬಳಿಕ, 1692ರಲ್ಲಿ, ಷೋಗುನರ ಸರ್ಕಾರವು ಈ ವಂಶವನ್ನು ದೂರದ ಸೀಮೆಗೆ ವರ್ಗಾಯಿಸಿ ಹಿದಾವನ್ನು ತನ್ನ ನೇರವಾದ ಆಳ್ವಿಕೆಗೆ ತೆಗೆದುಕೊಂಡಿತು. ಇಲ್ಲಿಯ ಮರವೂ ಗಣಿಗಳೂ ಅದಕ್ಕೆ ಬೇಕಾಗಿದ್ದವು. 1695ರಲ್ಲಿ ಕೋಟೆಯನ್ನು ಕೆಡವಿಸಲಾಯಿತು. ಪಟ್ಟಣದ ನಡುವೆ ಈಗಲೂ ನಿಂತಿರುವ ‘ಜಿನ್‌ಯಾ’ ಎಂಬ ಕಚೇರಿಯಿಂದ ಎದೋ ನಗರದ ಅಧಿಕಾರಿಗಳು 1868ರ ವರೆಗೂ ನಾಡನ್ನಾಳಿದರು. ಷೋಗುನರ ಇಂಥ ಪ್ರಾಂತೀಯ ಕಚೇರಿಗಳು ಅರವತ್ತಕ್ಕೂ ಹೆಚ್ಚಾಗಿದ್ದವೆಂದೂ, ಅವುಗಳಲ್ಲಿ ಮುಖ್ಯ ಕಟ್ಟಡವು ಉಳಿದಿರುವುದು ಇದೊಂದೇ ಎಂದೂ ಹೇಳುವರು.

ಕಚೇರಿಯ ನುಣುಪಾದ ಚಾಪೆಗಳ ಕೊಠಡಿಗಳನ್ನು ದಾಟಿ ಹಿಂದಕ್ಕೆ ಹೋದರೆ ಕಂದಾಯದ ಅಕ್ಕಿಯನ್ನು ತುಂಬುತ್ತಿದ್ದ ದೊಡ್ಡ ಉಗ್ರಾಣ ದೊರೆಯುತ್ತದೆ. ಕೋಟೆಯನ್ನು ಕೆಡವಿದಾಗ ಅಲ್ಲಿಂದ ತಂದು ನಿಲ್ಲಿಸಿದ ಕಟ್ಟಡವದು. ಅದರ ಮುಂದೆ ನಿಂತಾಗ ಓಹಾರಾ ದಂಗೆಯ ನೆನಪಾಗದೆ ಇರದು. 1771ರಿಂದ 1788ರ ವರೆಗೆ, ಹದಿನೆಂಟು ವರ್ಷಗಳ ಕಾಲ, ಅಧಿಕಾರಿಯಾಗಿ ಬಂದ ಓಹಾರಾ ಹಿಕೊಷಿರೋ ಎಂಬವನಿಗೂ ಅವನ ತರುವಾಯ ಅವನ ಮಗನಿಗೂ ಎದುರಾಗಿ ರೈತರು ಮತ್ತೆ ಮತ್ತೆ ಎದ್ದರು. 1773ರಲ್ಲಿ ಆ ಅಧಿಕಾರಿಯು ಭೂಮಿಯನ್ನು ಮರಳಿ ಅಳೆಯಿಸಿ ಕಂದಾಯದ ಲೆಕ್ಕವನ್ನು ಏರಿಸಹೊರಟಾಗ ಸಾವಿರಾರು ಮಂದಿ ಸೇರಿ ಪ್ರತಿಭಟಿಸಿದರು. ನೆರೆಯ ಪ್ರಾಂತಗಳ ಸೈನ್ಯವು ಬಂದು ಅವರನ್ನು ಚದರಿಸಿತು. ಮುಂದಾಳುಗಳಿಗೆ ಮರಣದಂಡನೆಯಾಯಿತು. 1774ರಲ್ಲಿ ತಲೆಗೊಟ್ಟ ಹೊಂಗೋ ಗ್ರಾಮದ ಜೆನ್‌ಕುರೋವಿಗೆ ಆಗ ಹದಿನೆಂಟೇ ವರ್ಷ. ಅಧಿಕಾರಿಗಾದರೋ ಪದವಿಯಲ್ಲಿ ಬಡ್ತಿ ದೊರೆಯಿತು. ಕಡೆಗೆ ಅವನ ಮಗನ ಅನ್ಯಾಯವು ಎದೋ ನಗರದ ವರೆಗೆ ಮುಟ್ಟಿ, ಅವನು ದ್ವೀಪಾಂತರಕ್ಕೆ ಕಳುಹಿಸಲ್ಪಟ್ಟನು. ಹೊರಗಿನ ಬೀದಿಯ ಚೆಲುವನ್ನೂ ಒಳಗಿನ ಈ ಉಗ್ರಾಣವನ್ನೂ ಒಂದೇ ಹೊತ್ತಿನಲ್ಲಿ ಕಂಡಾಗ, ಈ ನಾಡಿನಲ್ಲಿ ಮನೆಯೂ ಕಂದಾಯವೂ ಒಂದೇ ಮರದ ಎರಡು ಸೀಳುಗಳೆಂದು ನಮಗೆ ತೋರಿತು.

ತಕಯಾಮದಿಂದ ಪಶ್ಚಿಮಕ್ಕೆ ಹೊರಟ ಹಳೆಯ ಮಾರ್ಗವು ಕಾಡುಗಳ ನಡುವೆ ಹತ್ತಿ ಇಳಿದು ಶೋಗಾವಾ ಕಣಿವೆಯನ್ನು ಸೇರುತ್ತದೆ. ಹತ್ತು ಕಿಲೋಮೀಟರಿಗೂ ಉದ್ದವಾದ ಸುರಂಗವುಳ್ಳ ಹೊಸ ಹೆದ್ದಾರಿಯು 2008ರಿಂದ ಈಚೆಗೆ ಇರುವುದಾದರೂ, ಹೋಗುವಾಗ ಹಳೆಯ ದಾರಿಯನ್ನೇ ಹಿಡಿಯಬೇಕೆಂಬುದು ನಮ್ಮ ಮಿತ್ರರ ಆಗ್ರಹ. ಅವರ ಆಗ್ರಹವು ಸಾರ್ಥಕವಾಯಿತು. ದಾರಿಯ ಪಕ್ಕದಲ್ಲಿ ವಿಶಾಲವಾದ ಸರೋವರವೊಂದು ಬೆಟ್ಟಗಳ ಛಾಯೆಯನ್ನು ಹೊತ್ತು ನಿಶ್ಚಲವಾಗಿ ಬಿದ್ದಿದ್ದಿತು. ಅದು ದೈವನಿರ್ಮಿತವಾದುದಲ್ಲ. ಮಿಬೊರೊ ಎಂಬಲ್ಲಿ ಕಲ್ಲುಮಣ್ಣುಗಳಿಂದ 131 ಮೀಟರು ಎತ್ತರಕ್ಕೆ ಕಟ್ಟಿದ ಅಣೆಕಟ್ಟಿನ ಹಿಂದೆ ನಿಂತ ನೀರದು. ಯುದ್ಧಾನಂತರದ ಜಪಾನಿಗೆ ವಿದ್ಯುಚ್ಛಕ್ತಿಯ ಹಸಿವು ಅಪಾರವಾಗಿದ್ದಿತು. ಕಣಿವೆಯ ಜನ ಪ್ರಾಣವಿರುವವರೆಗೂ ಊರನ್ನು ಬಿಡೆವೆಂದು ಸಂಘ ಕಟ್ಟಿ ವರ್ಷಗಟ್ಟಲೆ ಹೋರಾಡಿ, ಕೊನೆಗೆ 1959ರಲ್ಲಿ ಸಂಘವನ್ನು ವಿಸರ್ಜಿಸಿ, ಮನೆ ಹೊಲ ಗುಡಿಗಳನ್ನು ನೀರಿಗೆ ಒಪ್ಪಿಸಿ ನಡೆದರು. 1961ರಲ್ಲಿ ವಿದ್ಯುತ್ತು ಹರಿಯತೊಡಗಿತು.

ಈ ಸರೋವರದ ದಡದಲ್ಲಿ ಎರಡು ವೃದ್ಧ ಚೆರಿ ಮರಗಳಿವೆ. ಅವು ಮುಳುಗಡೆಯಾದ ಊರುಗಳ ಎರಡು ಬೌದ್ಧ ದೇವಾಲಯಗಳ ಅಂಗಳದಲ್ಲಿದ್ದವು. ವಯಸ್ಸು ನಾನೂರು ವರ್ಷಗಳಿಗೂ ಮೇಲ್ಪಟ್ಟುದು. ವಿದ್ಯುತ್ ಸಂಸ್ಥೆಯ ಮೊದಲ ಅಧ್ಯಕ್ಷರಾಗಿದ್ದ ತಕಸಾಕಿ ತತ್ಸುನೊಸುಕೆ ಎಂಬವರು ಊರನ್ನು ನೋಡಲು ಬಂದಾಗ ಈ ಮರಗಳನ್ನು ಕಂಡು, ಇವನ್ನಾದರೂ ಉಳಿಸಬೇಕೆಂದು ಮನಸ್ಸು ಮಾಡಿದರು. ಚೆರಿ ಮರವು ಕೊಂಬೆ ಕಡಿದರೂ ಕೊಳೆಯುವ ಸೂಕ್ಷ್ಮ ಜಾತಿಯದೆಂದು ತಿಳಿದವರೆಲ್ಲ ತಲೆಯಾಡಿಸಿದರು. ಸಸಬೆ ಶಿಂತಾರೋ ಎಂಬ ಚೆರಿ ಮರಗಳ ಬಲ್ಲಿದರು ಮುಂದೆ ಬಂದು, 1960ರ ಚಳಿಗಾಲದ ಮೊದಲಲ್ಲಿ, ಒಂದೊಂದೂ ನಲವತ್ತು ಟನ್ನಿನಷ್ಟು ತೂಕದ ಆ ಮರಗಳನ್ನು ಬೇರುಸಹಿತ ಎಬ್ಬಿಸಿ ಬೆಟ್ಟದ ಮೇಲಕ್ಕೆ ಎಳೆಯಿಸಿ ನೆಡಿಸಿದರು. ಬೋಳಾಗಿ ನಿಂತ ಮರಗಳು ಮರುವಸಂತದಲ್ಲಿ ಚಿಗುರಿದವು. ಊರು ಕಳೆದುಕೊಂಡವರು ಬಂದು ಆ ಕಾಂಡಗಳನ್ನು ತಡವಿ ಕಣ್ಣೀರಿಟ್ಟರಂತೆ. ಎರಡು ಮರಗಳಿಗಾಗಿ ತೋರಿದ ಈ ಕರುಣೆಯು ಶ್ಲಾಘ್ಯವೇ ಅಹುದು. ಆದರೆ ಮರವನ್ನು ಎತ್ತಿ ನೆಡಬಹುದು, ಊರನ್ನು ಎತ್ತಿ ನೆಡಲಾಗದು ಎಂಬ ಮಾತನ್ನೂ ಆ ಮರಗಳೇ ನಿಂತು ಹೇಳುತ್ತಿರುವಂತೆ ನಮಗೆ ಭಾಸವಾಯಿತು. ಮುಳುಗಿದ ಸೀಮೆಯ ಹಿರಿಮನೆಗಳಲ್ಲೊಂದನ್ನು 1960ರಲ್ಲಿ ಯೊಕೊಹಾಮ ನಗರದ ಸಂಕೆಯೆನ್ ಎಂಬ ಉದ್ಯಾನಕ್ಕೆ ಸಾಗಿಸಿ ನಿಲ್ಲಿಸಿದ್ದಾರೆ. ಮನೆಯು ಅಲ್ಲಿ ಸುರಕ್ಷಿತವಾಗಿದೆ. ಅದರ ನೆರೆಹೊರೆ ಮಾತ್ರ ನೀರಿನ ಅಡಿಯಲ್ಲಿದೆ.

ಅಣೆಕಟ್ಟನ್ನು ದಾಟಿ ಸ್ವಲ್ಪ ದೂರದಲ್ಲಿ ತೋಯಾಮ ಮನೆತನದ ಹಳೆಯ ಮನೆ ಸಿಕ್ಕುತ್ತದೆ. 1827ರಲ್ಲಿ ಕಟ್ಟಿದ ಈ ಮನೆಯಲ್ಲಿ ಒಂದು ಕಾಲಕ್ಕೆ ನಲವತ್ತಕ್ಕೂ ಹೆಚ್ಚು ಮಂದಿ ಒಂದೇ ಒಲೆಯ ಸುತ್ತ ಬಾಳಿದರು. ಅವಿಭಕ್ತ ಕುಟುಂಬದ ಸೊಬಗೆಂದು ನಾವು ಹಿಗ್ಗುವುದಕ್ಕೆ ಮುಂಚೆ ಅದರ ಕಾರಣವನ್ನು ತಿಳಿಯಬೇಕು. ಕಣಿವೆಯ ಈ ಭಾಗದಲ್ಲಿ ಉಳುವ ನೆಲ ಬಹಳ ಕಡಮೆ. ಪಾಲು ಮಾಡಿದರೆ ಯಾರಿಗೂ ಹೊಟ್ಟೆ ತುಂಬದು. ಆದುದರಿಂದ ವಿಧಿವತ್ತಾಗಿ ಮದುವೆಯಾಗಿ ಹೆಂಡತಿಯನ್ನು ಮನೆಗೆ ತರುವ ಹಕ್ಕು ಹಿರಿಯ ಮಗನೊಬ್ಬನಿಗೇ ಇದ್ದಿತು. ಉಳಿದ ತಮ್ಮಂದಿರು ಬೇರೆ ಮನೆಯ ಹೆಣ್ಣನ್ನು ಕಂಡುಬರುತ್ತಿದ್ದರು. ಹುಟ್ಟಿದ ಮಕ್ಕಳು ತಾಯಿಯ ತವರಿನಲ್ಲಿಯೇ ಬೆಳೆದು ಅಲ್ಲಿಯೇ ದುಡಿಯುತ್ತಿದ್ದರು. ತಂದೆಯು ಒಂದು ಸೂರಿನ ಕೆಳಗೆ, ತಾಯಿ ಮಕ್ಕಳು ಮತ್ತೊಂದು ಸೂರಿನ ಕೆಳಗೆ ಆಯುಷ್ಯ ಕಳೆದ ಸಂಸಾರಗಳೆಷ್ಟೋ! ಮನೆಯು ಅಷ್ಟು ದೊಡ್ಡದಾದುದು ಸಿರಿಯಿಂದಲ್ಲ, ನೆಲದ ಬಡತನದಿಂದ.

ಇಲ್ಲಿಂದ ಮುಂದೆ, ನದಿಯ ಆಚೆಯ ದಡದಲ್ಲಿ, ಕುಸಿದ ಗುರುತುಳ್ಳ ಬೆಟ್ಟವೊಂದು ಕಾಣುತ್ತದೆ. ಅದರ ಹೆಸರು ಕಯೆರಿಕುಮೊ; ಮರಳುವ ಮೇಘವೆಂದು ಅರ್ಥ. 1586ರ ಜನವರಿಯ ಒಂದು ರಾತ್ರಿ ಭೂಕಂಪದಿಂದ ಈ ಬೆಟ್ಟವು ಒಡೆದು ಬಿದ್ದು, ಈ ಸೀಮೆಯ ಒಡೆಯರಾಗಿದ್ದ ಉಚಿಗಶಿಮ ವಂಶದ ಕೋಟೆಯನ್ನೂ ಅದರ ಕೆಳಗಿನ ಮುನ್ನೂರಕ್ಕೂ ಮಿಕ್ಕ ಮನೆಗಳನ್ನೂ ಮುಚ್ಚಿಬಿಟ್ಟಿತು. ರಾಜವಂಶವೊಂದು ಒಂದೇ ಇರುಳಿನಲ್ಲಿ ಹೆಸರಿಲ್ಲದಂತಾಯಿತು. ಕೋಟೆಯಿದ್ದ ಸ್ಥಳವನ್ನು ಹುಡುಕುವವರು ಇಂದಿಗೂ ಹುಡುಕುತ್ತಲೇ ಇದ್ದಾರೆ.

ಮಧ್ಯಾಹ್ನದ ಹೊತ್ತಿಗೆ ನಾವು ಶಿರಕಾವಗೋ ಸೀಮೆಯ ಓಗಿಮಾಚಿ ಹಳ್ಳಿಯನ್ನು ಮುಟ್ಟಿದೆವು. ಊರಿನ ಬಡಗಣ ದಿಣ್ಣೆಯಿಂದ ನೋಡಿದರೆ ಹೊಲಗದ್ದೆಗಳ ನಡುವೆ ಐವತ್ತೊಂಬತ್ತು ಹುಲ್ಲುಮಾಡುಗಳು ಒಂದೇ ದಿಕ್ಕಿಗೆ ಮುಖ ಮಾಡಿ ನಿಂತಿರುವುದು ಕಾಣುತ್ತದೆ. ನಮಸ್ಕರಿಸುವಾಗ ಜೋಡಿಸಿದ ಅಂಗೈಗಳಂತೆ ಮಾಡು ಎದ್ದಿರುವುದರಿಂದ ಇವಕ್ಕೆ ‘ಗಶ್ಶೋ’ ಎಂದರೆ ಕೈಮುಗಿದ ಮನೆಗಳೆಂದು ಹೆಸರು. ಇಳಿಜಾರು ಸುಮಾರು ಅರವತ್ತು ಅಂಶ. ಹಿಮವು ನಿಲ್ಲದೆ ಜಾರಬೇಕು, ಮಳೆಯ ನೀರು ಹುಲ್ಲಿನಲ್ಲಿ ಇಂಗುವ ಮೊದಲೇ ಇಳಿಯಬೇಕು. ಕಣಿವೆಯುದ್ದಕ್ಕೆ ಬೀಸುವ ಗಾಳಿಗೆ ಮನೆಯ ಕಿರಿದಾದ ಬದಿಯನ್ನೊಡ್ಡಿ, ಮಾಡಿನ ಎರಡು ಮಗ್ಗುಲುಗಳಿಗೂ ಪೂರ್ವ ಪಶ್ಚಿಮಗಳ ಬಿಸಿಲು ಸಮನಾಗಿ ಬೀಳುವಂತೆ ಎಲ್ಲ ಮನೆಗಳನ್ನೂ ಉತ್ತರ ದಕ್ಷಿಣವಾಗಿ ಕಟ್ಟಿದ್ದಾರೆ. ಕೆಳಗಿನ ಚೌಕಟ್ಟನ್ನು ಬಡಗಿಗಳು ನಿಲ್ಲಿಸಿದರೆ ಮೇಲಿನ ಮಾಡು ಊರವರದೇ ಕೆಲಸ. ಅದರಲ್ಲಿ ಒಂದು ಮೊಳೆಯೂ ಇಲ್ಲ. ದಪ್ಪ ಗಳುಗಳ ಬುಡವನ್ನು ಚೂಪಾಗಿ ಕೆತ್ತಿ ತೊಲೆಯ ಕುಳಿಯಲ್ಲಿ ಕೂರಿಸಿ, ಹುಲ್ಲುಹಗ್ಗದಿಂದಲೂ, ನೆಸೊ ಎಂಬ ಗಿಡದ ಹಸಿಯ ಕೊಂಬೆಗಳನ್ನು ಹುರಿಮಾಡಿದ ಕಟ್ಟಿನಿಂದಲೂ ಬಿಗಿದಿರುತ್ತಾರೆ. ಗಾಳಿ ಬಂದಾಗ, ಹಿಮದ ಭಾರ ಬಿದ್ದಾಗ, ಮಾಡು ಮುರಿಯದೆ ಸ್ವಲ್ಪ ಸಡಿಲಿ ಮತ್ತೆ ತನ್ನ ನೆಲೆಗೆ ಬರುವುದು. 1935ರಲ್ಲಿ ಇಲ್ಲಿಗೆ ಬಂದ ಜರ್ಮನಿಯ ಪ್ರಸಿದ್ಧ ವಾಸ್ತುಶಿಲ್ಪಿ ಬ್ರೂನೋ ತೌಟ್ ಎಂಬವರು ಈ ರಚನೆಯ ತರ್ಕಶುದ್ಧಿಯನ್ನು ಮೆಚ್ಚಿ ಬರೆದ ಮೇಲೆಯೇ ಹೊರಲೋಕಕ್ಕೆ ಇದರ ಪರಿಚಯವಾಯಿತು.

ಊರಿನ ಅತಿ ದೊಡ್ಡ ಮನೆಯಾದ ವಾದಾ ಮನೆತನದ ಮನೆಯನ್ನು ಹೊಕ್ಕೆವು. ಆ ಮನೆಯವರು ಹಿಂದೆ ಗ್ರಾಮದ ಮುಖ್ಯಸ್ಥರಾಗಿದ್ದವರು. ಇಂದಿಗೂ ಅಲ್ಲಿಯೇ ವಾಸವಾಗಿದ್ದಾರೆ. ನಡುಮನೆಯ ನೆಲದಲ್ಲಿ ಚೌಕಾಕಾರದ ಅಗ್ಗಿಷ್ಟಿಕೆ. ಅದರ ಹೊಗೆಯು ಸಂದುಬಿಟ್ಟು ಹಾಸಿದ ಅಟ್ಟಗಳ ಮೂಲಕ ಮೇಲೇರಿ ಹುಲ್ಲಿಗೂ ಹಗ್ಗಕ್ಕೂ ಹುಳು ಹಿಡಿಯದಂತೆ ಕಾಯುತ್ತದೆ. ಆ ಅಟ್ಟಗಳೇ ರೇಷ್ಮೆ ಹುಳುಗಳ ಮನೆ. ಕೆಳಗಿನ ಬೆಂಕಿಯ ಕಾವಿನಿಂದ ಹುಳುಗಳಿಗೆ ಹಿತ. ಎರಡು ಬದಿಯ ಕಿಟಕಿಗಳಿಂದ ಬೆಳಕು, ಗಾಳಿ. ಹಿಪ್ಪುನೇರಳೆಯ ತೋಟವನ್ನೂ ಚಂದ್ರಿಕೆಯನ್ನೂ ಬಲ್ಲ ಕನ್ನಡಿಗರಿಗೆ ಈ ಅಟ್ಟಗಳ ಅರ್ಥ ಬೇಗ ಹೊಳೆಯುವುದು. ಹತ್ತೊಂಬತ್ತನೆಯ ಶತಮಾನದ ಕೊನೆಗೆ ಜೆಮ್‌ಷೆಟ್‌ಜಿ ತಾತಾ ಅವರು ಬೆಂಗಳೂರಿನಲ್ಲಿ ರೇಷ್ಮೆಯ ಕ್ಷೇತ್ರವನ್ನು ಸ್ಥಾಪಿಸಿದಾಗ ಜಪಾನಿನ ಪದ್ಧತಿಯನ್ನೇ ತರಿಸಿದುದು ನಮ್ಮವರಿಗೆ ತಿಳಿದ ವಿಷಯ. ಹಿದಾದ ಬಡ ಹೆಣ್ಣುಮಕ್ಕಳಿಗೆ ಈ ನೂಲು ಮತ್ತೊಂದು ದಾರಿಯನ್ನೂ ತೋರಿಸಿತು. ಮೇಜಿ ಚಕ್ರವರ್ತಿಯ ಕಾಲದಿಂದ ಮೊದಲಾಗಿ ಹದಿಹರೆಯದ ಬಾಲಿಕೆಯರು ಗುಂಪುಗುಂಪಾಗಿ 1,672 ಮೀಟರು ಎತ್ತರದ ನೊಮುಗಿ ಕಣಿವೆದಾರಿಯನ್ನು ಕಾಲ್ನಡೆಯಲ್ಲಿ ದಾಟಿ, ಪೂರ್ವದ ಸುವಾ ಸರೋವರದ ಬಳಿಯ ನೂಲು ಬಿಚ್ಚುವ ಕಾರ್ಖಾನೆಗಳಿಗೆ ದುಡಿಯಲು ಹೋಗುತ್ತಿದ್ದರು. ವರ್ಷಾಂತ್ಯದಲ್ಲಿ ಅದೇ ಹಿಮದ ದಾರಿಯಲ್ಲಿ ಹಿಂದಿರುಗುತ್ತಿದ್ದರು, ಹಿಂದಿರುಗದವರೂ ಉಂಟು.

ಈಗ ಮಾಡಿನ ಹೊದಿಕೆಯ ವಿಷಯ. ಹುಲ್ಲು ಮೂವತ್ತು ನಲವತ್ತು ವರ್ಷ ಬಾಳುತ್ತದೆ. ಬಳಿಕ ಹೊಸದಾಗಿ ಹೊದಿಸಬೇಕು. ಒಂದು ಮನೆಯವರು ಮಾಡಲು ಕೈಹಾಕಿದರೆ ತಿಂಗಳುಗಳಾದರೂ ಮುಗಿಯದು. ಅಷ್ಟರಲ್ಲಿ ಮಳೆ ಬಂದರೆ ಮನೆಯೇ ಹಾಳು. ಊರೆಲ್ಲ ಸೇರಿದರೆ ಒಂದೆರಡು ದಿನಗಳ ಕೆಲಸ. ಇದಕ್ಕಾಗಿ ಅವರಲ್ಲಿ ‘ಯುಯಿ’ ಎಂಬ ಕಟ್ಟಳೆಯಿದೆ. ನಮ್ಮ ಹಳ್ಳಿಗಳಲ್ಲಿ ಮುಯ್ಯಾಳು ಎಂದು ಕರೆಯುವ ವ್ಯವಸ್ಥೆಗೂ ಇದಕ್ಕೂ ಹೆಸರಿನ ಹೊರತು ಭೇದ ಕಾಣದು. ಇಂದು ನೀನು ನನ್ನ ಮಾಡಿಗೆ ಎಷ್ಟು ಆಳು, ಎಷ್ಟು ಕಟ್ಟು ಹುಲ್ಲು, ಎಷ್ಟು ಹಗ್ಗ ತಂದೆಯೋ ಅಷ್ಟನ್ನು ನಿನ್ನ ಸರದಿ ಬಂದಾಗ ನಾನು ತರಬೇಕು. ಸರದಿ ಬರುವುದು ಮೂವತ್ತು ವರ್ಷಗಳ ಮೇಲಾಗಬಹುದು. ತಂದೆಯ ಮುಯ್ಯಿಯನ್ನು ಮಗನು ತೀರಿಸಬೇಕಾಗಬಹುದು. ಆದುದರಿಂದ ಅದನ್ನೆಲ್ಲ ಪುಸ್ತಕದಲ್ಲಿ ಬರೆದಿಡುವ ರೂಢಿ ಬೆಳೆಯಿತು. ಗಂಡಸರು ನೂರಿನ್ನೂರು ಮಂದಿ ಮಾಡಿನ ಮೇಲೆ ಸಾಲುಗಟ್ಟಿದರೆ ಹೆಂಗಸರು ಅಡಿಗೆಯ ಹೊಣೆ ಹೊರುತ್ತಿದ್ದರು. ಇಳಿಸಿದ ಹಳೆಯ ಹುಲ್ಲು ಹೊಲಕ್ಕೆ ಗೊಬ್ಬರವಾಗುತ್ತಿದ್ದಿತು. ಈ ಮನೆಗಳ ನಿಜವಾದ ತೊಲೆ ಈ ಋಣದ ಲೆಕ್ಕವೇ ಎಂದರೆ ತಪ್ಪಾಗಲಾರದು. ನೆರೆಯವರ ಋಣವಿಲ್ಲದ ಮನೆಗೆ ಅಲ್ಲಿ ಮಾಡೇ ಇಲ್ಲ.

ಓಗಿಮಾಚಿಯಿಂದ ಉತ್ತರಕ್ಕೆ ಇಳಿದರೆ ಗೊಕಯಾಮ ಸೀಮೆ. ಇದು ತೊಯಾಮ ವಿಭಾಗಕ್ಕೆ ಸೇರಿದ್ದು. ಹಿಂದೆ ಇದು ಕಾಗಾ ಸಂಸ್ಥಾನದ ಮಯೇದಾ ಪ್ರಭುಗಳ ವಶದಲ್ಲಿತ್ತು. ನದಿಯ ತಿರುವಿನಲ್ಲಿ ಒಂಬತ್ತು ಕೈಮುಗಿದ ಮನೆಗಳುಳ್ಳ ಸುಗನುಮ ಎಂಬ ಪುಟ್ಟ ಹಳ್ಳಿಯಲ್ಲಿ ಇಳಿದಾಗ ನಮಗೆ ಆಶ್ಚರ್ಯಕರವಾದ ಇತಿಹಾಸವೊಂದು ಎದುರಾಯಿತು. ಪ್ರಾರ್ಥಿಸುವ ಕೈಗಳಂತಿರುವ ಈ ಮನೆಗಳ ನೆಲದಡಿಯಲ್ಲಿ ತಯಾರಾಗುತ್ತಿದ್ದುದು ಕೋವಿಯ ಮದ್ದಿಗೆ ಬೇಕಾದ ಪೆಟ್ಲುಪ್ಪು! ಭಾರತದಲ್ಲಿ, ವಿಶೇಷವಾಗಿ ಬಿಹಾರ ಪ್ರಾಂತದಲ್ಲಿ, ಈ ಉಪ್ಪು ಒಣಗಿದ ನೆಲದ ಮೇಲೆ ತಾನಾಗಿಯೇ ಹೂಬಿಟ್ಟಂತೆ ಮೂಡುವುದು; ಡಚ್ಚರೂ ಆಂಗ್ಲರೂ ಅದನ್ನು ಹಡಗುಗಟ್ಟಲೆ ಸಾಗಿಸಿದರು. ಮಳೆ ಹೆಚ್ಚಾದ ಜಪಾನಿನಲ್ಲಿ ಅದು ನೆಲದಲ್ಲಿ ನಿಲ್ಲದು. ಅದಕ್ಕಾಗಿ ಈ ಹಳ್ಳಿಯವರು ಅಗ್ಗಿಷ್ಟಿಕೆಯ ಪಕ್ಕದಲ್ಲಿ ನೆಲದ ಕೆಳಗೆ ಆಳವಾದ ಗುಂಡಿ ತೋಡಿ, ಮಣ್ಣು, ರೇಷ್ಮೆ ಹುಳುವಿನ ಹಿಕ್ಕೆ, ಮಾಚಿಪತ್ರೆಯ ಜಾತಿಯ ಸೊಪ್ಪು ಇವುಗಳನ್ನು ಪದರಪದರವಾಗಿ ತುಂಬಿ, ವರ್ಷಕ್ಕೆ ಹಲವು ಬಾರಿ ತಿರುವಿ, ನಾಲ್ಕೈದು ವರ್ಷ ಕೊಳೆಯಿಸುತ್ತಿದ್ದರು. ಒಲೆಯ ಬಿಸಿಯು ಚಳಿಗಾಲದಲ್ಲಿಯೂ ಆ ಮಣ್ಣನ್ನು ಬೆಚ್ಚಗೆ ಇಡುತ್ತಿದ್ದಿತು. ಕಡೆಗೆ ಮಣ್ಣಿನ ಸಾರವನ್ನು ನೀರಿನಲ್ಲಿ ಇಳಿಸಿ, ಬೂದಿ ಬೆರಸಿ ಕುದಿಸಿದರೆ ಹರಳುಗಳು ದೊರೆಯುತ್ತಿದ್ದವು. ಮೇಲಿನ ಅಟ್ಟದಲ್ಲಿ ರೇಷ್ಮೆ, ಕೆಳಗಿನ ಗುಂಡಿಯಲ್ಲಿ ಪೆಟ್ಲುಪ್ಪು, ನಡುವೆ ಮನುಷ್ಯರು; ಮೂರಕ್ಕೂ ಒಂದೇ ಬೆಂಕಿ!

1570ರಿಂದ 1580ರ ವರೆಗೆ ಓದಾ ನೊಬುನಾಗನು ಒಸಾಕದ ಹೊಂಗಾನ್‌ಜಿ ಮಠವನ್ನು ಮುತ್ತಿದಾಗ ಆ ಮಠದ ಭಕ್ತರಾದ ಗೊಕಯಾಮದವರು ಮದ್ದನ್ನು ಒದಗಿಸಿದರೆಂದು ಐತಿಹ್ಯವಿದೆ. ಮುಂದೆ ಕಾಗಾ ಸಂಸ್ಥಾನವು ಈ ಉಪ್ಪನ್ನು ತಾನೇ ಕೊಳ್ಳುತ್ತ ಬಂದಿತು. ಗುಟ್ಟು ಹೊರಬೀಳದಿರಲು ಈ ದುರ್ಗಮ ಕಣಿವೆಗಿಂತ ಒಳ್ಳೆಯ ಸ್ಥಳವುಂಟೇ? ಇದೇ ದುರ್ಗಮತೆಯಿಂದ ಗೊಕಯಾಮವು ಸಂಸ್ಥಾನದ ಗಡೀಪಾರಿನ ನೆಲೆಯೂ ಆಯಿತು. ಅಪರಾಧಿಗಳನ್ನು ನದಿಯ ಬಲದಂಡೆಯ ಹಳ್ಳಿಗಳಲ್ಲಿಟ್ಟು, ಸೇತುವೆ ಕಟ್ಟದಂತೆ ನಿಷೇಧಿಸಿದರು. ಹಗ್ಗಕ್ಕೆ ತೂಗುಹಾಕಿದ ಬುಟ್ಟಿಯೊಂದೇ ಊರವರಿಗೆ ನದಿ ದಾಟುವ ಸಾಧನ. ಕಾಗಾ ಸಂಸ್ಥಾನದಲ್ಲಿ ಒಮ್ಮೆ ಮಹಾ ಪ್ರಭಾವಶಾಲಿಯಾಗಿದ್ದ ಓತ್ಸುಕಿ ದೆನ್ಜೋ ಎಂಬವನು 1748ರಲ್ಲಿ ಇಲ್ಲಿಗೆ ತಳ್ಳಲ್ಪಟ್ಟು ಇಲ್ಲಿಯೇ ಪ್ರಾಣ ನೀಗಿಕೊಂಡನು.

ಮೇಜಿ ಯುಗದಲ್ಲಿ ಹೊರದೇಶದ ಅಗ್ಗದ ಪೆಟ್ಲುಪ್ಪು ಬಂದಿತು. ನೆಲದಡಿಯ ಗುಂಡಿಗಳು ಮುಚ್ಚಿದವು. ಇಪ್ಪತ್ತನೆಯ ಶತಮಾನದಲ್ಲಿ ರೇಷ್ಮೆಯ ಬೆಲೆಯೂ ಬಿದ್ದಿತು, ಅಟ್ಟಗಳು ಬರಿದಾದವು. ಕೊನೆಯ ಆಸರೆಯಾದ ನೆರೆಹೊರೆಯನ್ನು ಅಣೆಕಟ್ಟುಗಳೂ ನಗರದ ಕೂಲಿಯೂ ಸೆಳೆದವು. ಹುಲ್ಲಿನ ಮನೆಯೆಂದರೆ ಬಡತನದ ಗುರುತೆಂದು ಜನ ನಾಚತೊಡಗಿದರು. ನಗರಗಳಲ್ಲಿ ಊಟದ ಮನೆಗಳಾಗಿ ನಿಲ್ಲಿಸಲು ಹಣವಂತರು ಈ ಮನೆಗಳನ್ನು ಕೊಂಡು ಬಿಚ್ಚಿಕೊಂಡು ಹೋದರು. ಶಿರಕಾವಗೋ ಸೀಮೆಯ ಕಜುರಾ ಎಂಬ ಹಳ್ಳಿಯ ಜನ 1967ರಲ್ಲಿ ಒಟ್ಟಾಗಿ ಊರು ತೊರೆದರು. ಹೀಗೆ ನಾವು ಕೇಳಿಕೊಂಡ ಎರಡನೆಯ ಪ್ರಶ್ನೆಯು ಅವರ ಮುಂದೆಯೇ ಬಂದು ನಿಂತಿತು.

ಓಗಿಮಾಚಿಯವರು ಅದಕ್ಕೆ ಕೊಟ್ಟ ಉತ್ತರವು ಅತ್ಯಂತ ಸರಳವಾದುದು. 1971ರಲ್ಲಿ ಊರವರೆಲ್ಲ ಸೇರಿ ಒಂದು ಸಂಘವನ್ನು ಕಟ್ಟಿ ಮೂರು ಮಾತುಗಳ ಕಟ್ಟಳೆಯನ್ನು ತಮಗೆ ತಾವೇ ವಿಧಿಸಿಕೊಂಡರು: ಮಾರೆವು, ಬಾಡಿಗೆಗೆ ಕೊಡೆವು, ಕೆಡವೆವು. ಅದೇ ವರ್ಷ ಕಿಸೊ ಕಣಿವೆಯ ಹಳೆಯ ತಂಗುದಾಣವಾದ ತ್ಸುಮಾಗೊ ಎಂಬ ಊರಿನವರೂ ಇದೇ ಮೂರು ಮಾತುಗಳನ್ನು ಆಡಿದರು. ಸರ್ಕಾರದ ಕಾನೂನು ಬಂದುದು ಆಮೇಲೆ. ಬಿಡಿ ಕಟ್ಟಡವನ್ನಲ್ಲದೆ ಇಡೀ ಊರನ್ನೇ ರಕ್ಷಿಸಲು ಅವಕಾಶ ಕೊಡುವ ತಿದ್ದುಪಡಿಯು 1975ರಲ್ಲಿ ಆಯಿತು; 1976ರಲ್ಲಿ ಅದರ ಮೇರೆಗೆ ಆರಿಸಿದ ಮೊದಲ ಏಳು ಸ್ಥಳಗಳಲ್ಲಿ ಈ ಎರಡು ಊರುಗಳೂ ಸೇರಿದ್ದವು. ಗೊಕಯಾಮದ ಸುಗನುಮವೂ ಐನೊಕುರವೂ 1970ರಲ್ಲಿಯೇ ರಾಷ್ಟ್ರದ ಐತಿಹಾಸಿಕ ಸ್ಥಳಗಳೆಂದು ಘೋಷಿತವಾಗಿದ್ದವು. 1995ರ ಡಿಸೆಂಬರಿನಲ್ಲಿ ಓಗಿಮಾಚಿ, ಐನೊಕುರ, ಸುಗನುಮ ಮೂರೂ ಯುನೆಸ್ಕೋ ಸಂಸ್ಥೆಯ ವಿಶ್ವಪರಂಪರೆಯ ಪಟ್ಟಿಯನ್ನು ಸೇರಿದವು.

ಮಾರುವುದಿಲ್ಲವೆಂಬ ಮಾತು ಆಡುವುದಕ್ಕೆ ಸುಲಭ. ಅದನ್ನಾಡಿದವರು ತಮ್ಮ ಆಸ್ತಿಗೆ ಬರಬಹುದಾಗಿದ್ದ ಬೆಲೆಯನ್ನು ಬಿಟ್ಟುಕೊಟ್ಟರು. ತಮ್ಮ ಮನೆಯನ್ನು ಮನಸ್ಸಿಗೆ ಬಂದಂತೆ ಮಾರ್ಪಡಿಸುವ ಸ್ವಾತಂತ್ರ್ಯವನ್ನು ಬಿಟ್ಟುಕೊಟ್ಟರು. ತಮ್ಮ ಮಕ್ಕಳ ಪರವಾಗಿಯೂ ಬಿಟ್ಟುಕೊಟ್ಟರು. ಹಿಂದೆ ಹಿಮವೂ ಕಂದಾಯವೂ ವಿಧಿಸಿದ ಕಟ್ಟನ್ನು ಈಗ ತಾವೇ ಆರಿಸಿಕೊಂಡರು. ಈಗಲೂ ಅವರ ಸಂಕಟ ತೀರಿದುದಿಲ್ಲ. ಎರಡು ಸಾವಿರವೂ ಇಲ್ಲದ ಜನರ ಶಿರಕಾವ ಗ್ರಾಮಕ್ಕೆ 2019ರಲ್ಲಿ ಹದಿನೈದು ಲಕ್ಷಕ್ಕೂ ಮಿಕ್ಕಿ ಪ್ರವಾಸಿಗಳು ಬಂದರು. ನಮ್ಮಂತೆಯೇ ಒಂದು ಹಗಲಿಗಾಗಿ ಬಂದು, ಅಂಗಳವೋ ಬೀದಿಯೋ ತಿಳಿಯದೆ ಇಣುಕುವವರೇ ಹೆಚ್ಚು. ಮಾಡು ಹೊದಿಸುವ ಕೆಲಸವು ಬಹುಮಟ್ಟಿಗೆ ಕಸುಬುದಾರರ ಕೈ ಸೇರಿದೆ. ಖರ್ಚಿನ ಹೆಚ್ಚಿನ ಭಾಗವನ್ನು ಸರ್ಕಾರವು ಕೊಡುತ್ತದೆ. ಆದರೂ ಯುಯಿ ಸತ್ತಿಲ್ಲ. 2001ರಲ್ಲಿ ನಗಾಸೆ ಮನೆತನದ ಐದಂತಸ್ತಿನ ಮನೆಗೆ ಹೊಸ ಹುಲ್ಲು ಹೊದಿಸಿದಾಗ ಐನೂರರಷ್ಟು ಮಂದಿ ಸೇರಿದರು. ಹಳೆಯ ಕಟ್ಟಳೆಯನ್ನು ಮರೆಯಬಾರದೆಂದೇ ಕೆಲವು ಮಾಡುಗಳನ್ನು ಇಂದಿಗೂ ಊರವರೇ ಕೂಡಿ ಹೊದಿಸುತ್ತಾರೆ.

ಐನೊಕುರದಲ್ಲಿ ಇಪ್ಪತ್ತು ಮನೆಗಳು. ಹಿಂದೆ ಕಡಿದಾದ ಬೆಟ್ಟ. ಆ ಬೆಟ್ಟದ ಕಾಡನ್ನು ಕಡಿಯಬಾರದೆಂಬುದು ಊರಿನ ಹಳೆಯ ಕಟ್ಟಳೆ. ಹಿಮಪಾತವು ಊರಿನ ಮೇಲೆ ಉರುಳದಂತೆ ಆ ಮರಗಳು ತಡೆದು ನಿಂತಿವೆ. ಮುದುಕರೊಬ್ಬರು ಹೊಲದ ಬದುವಿನಲ್ಲಿ ಮುಂದಿನ ಹೊದಿಕೆಗಾಗಿ ಕೊಯ್ದ ಹುಲ್ಲನ್ನು ಕಟ್ಟುಗಟ್ಟುತ್ತಿದ್ದರು. ‘ಇವರು ಕಟ್ಟುವ ಹುಲ್ಲಿನ ಮಾಡು ಹಳತಾಗುವುದನ್ನು ಇವರು ನೋಡುವುದಿಲ್ಲವಲ್ಲ!’ ಎಂದರು ನಮ್ಮ ಮಿತ್ರರು. ‘ಅಹುದು, ಇವರ ತಲೆಯ ಮೇಲಿನ ಹುಲ್ಲನ್ನು ಕಟ್ಟಿದವರೂ ನೋಡಿರಲಾರರು’ ಎಂದೆವು ನಾವು. ಅವರು ಮತ್ತೇನೂ ಆಡಲಿಲ್ಲ.

ಹಿಂದಿರುಗುವಾಗ ಓಗಿಮಾಚಿಯ ಬಳಿ ಮತ್ತೊಮ್ಮೆ ಮೋಟಾರನ್ನು ನಿಲ್ಲಿಸಿದೆವು. ಪ್ರವಾಸಿಗಳು ಚದರಿದ್ದರು. ಹುಲ್ಲಿನ ಊರಿಗೆ ಬೆಂಕಿಯಂಥ ಶತ್ರು ಇನ್ನಿಲ್ಲ. ಒಂದು ಕಿಡಿಯು ಒಂದು ಮನೆಯದಾಗಿ ನಿಲ್ಲದು. ಅದಕ್ಕಾಗಿ ಊರ ತುಂಬ ನೀರಿನ ಫಿರಂಗಿಗಳನ್ನು ಹೂತಿಟ್ಟಿದ್ದಾರೆ. ವರ್ಷಕ್ಕೊಮ್ಮೆ ಅವೆಲ್ಲವನ್ನೂ ಒಟ್ಟಿಗೆ ಹಾರಿಸಿ ಪರೀಕ್ಷಿಸುತ್ತಾರೆ. ಅದರ ಮೇಲೆ, ಮನೆಗಳವರು ಸರದಿಯಂತೆ ಮರದ ತಾಳಗಳನ್ನು ತಟ್ಟುತ್ತ, ಬೆಂಕಿ ಜೋಕೆಯೆಂದು ಕೂಗುತ್ತ ಬೀದಿಬೀದಿ ಸುತ್ತುತ್ತಾರೆ. ಮಬ್ಬುಗತ್ತಲೆಯಲ್ಲಿ ಆ ತಾಳದ ಸದ್ದು ಒಂದು ಮಾಡಿನಿಂದ ಮತ್ತೊಂದು ಮಾಡಿಗೆ ಸಾಗುತ್ತ ದೂರವಾಗುತ್ತಿದ್ದಿತು. ಸುರಂಗವನ್ನು ಹೊಕ್ಕ ಬಳಿಕವೂ ಬಹಳ ಹೊತ್ತು ಅದು ನಮ್ಮ ಕಿವಿಯಲ್ಲಿದ್ದಿತು.